‘ದ್ವೀಪ’ಕ್ಕೆ ದುಡ್ಡು ಹಾಕಿದ ನಾಯಕಿ

ನಾರಾಯಣಪುರ ಜಲಾಶಯದ ಗೇಟು ಎತ್ತಿದರು ಎಂಬ ಸುದ್ದಿ ಬಂದ ಕೂಡಲೇ ರಾಯಚೂರು ತಾಲ್ಲೂಕಿನ ಕೃಷ್ಣಾ ದಂಡೆಯ ಜನ ಮೊದಲು ವಿಚಾರಿಸುವುದು ಕುರ್ವಕುರ್ದ, ಕುರ್ವಕಲಾ ನಡುಗಡ್ಡೆಗಳನ್ನು. ಹೊಳೆ ಏರಿದರೆ ತೆಪ್ಪ ನಿಲ್ಲುತ್ತದೆ. ತೆಪ್ಪ ನಿಂತರೆ ಸಂತೆ, ಸಾಲಿ, ದವಾಖಾನೆ ಎಲ್ಲವೂ ಆಚೆ ದಂಡೆಗೇ ಉಳಿಯುತ್ತವೆ. ತಾಲ್ಲೂಕಿನ ತೆಂಕಣ ಅಂಚಿನಲ್ಲಿ, ಮಟಮಾರಿ ಸ್ಟೇಷನ್ ಬಿಟ್ಟು ಗುಂತಕಲ್ ಕಡೆಗೆ ಹೊರಟ ರೈಲು ಸ್ವಲ್ಪ ಹೊತ್ತಿಗೆಲ್ಲ ತುಂಗಭದ್ರೆಯನ್ನು ದಾಟಿ ಆಂಧ್ರಕ್ಕೆ ಕಾಲಿಡುತ್ತದೆ. ಎರಡು ಹೊಳೆಗಳ ನಡುವಿನ ಈ ಎಡೆದೊರೆ ನಾಡಿನವರಿಗೆ, ನೀರು ಸುತ್ತುಗಟ್ಟಿದ ಮನೆಯೊಳಗೆ ರಾತ್ರಿ ಕಳೆಯುವುದೆಂದರೆ ಏನೆಂದು ಯಾರೂ ಬಿಡಿಸಿ ಹೇಳಬೇಕಿಲ್ಲ.

ಅಂಥ ಒಂದು ರಾತ್ರಿಯನ್ನು ಕನ್ನಡದ ತೆರೆಯ ಮೇಲೆ ತಂದ ಚಿತ್ರ ‘ದ್ವೀಪ’. ಗಿರೀಶ ಕಾಸರವಳ್ಳಿ ನಿರ್ದೇಶಿಸಿದ ಈ ಚಿತ್ರ ತೆರೆಕಂಡದ್ದು 2002ರಲ್ಲಿ. ಚಿತ್ರದ ಹೆಸರು ಹೇಳಿದರೆ ಎಲ್ಲರ ಬಾಯಿಗೂ ಮೊದಲು ಬರುವುದು ನಿರ್ದೇಶಕರ ಹೆಸರು, ಆಮೇಲೆ ಕಾದಂಬರಿಕಾರ ನಾ. ಡಿಸೋಜ ಅವರದು. ಅದಕ್ಕೆ ಹಣ ಹಾಕಿದವರು ಯಾರು ಎಂದು ಕೇಳಿದರೆ ಬಹಳ ಮಂದಿ ತಡವರಿಸುತ್ತಾರೆ. ಹಾಕಿದವರು ಚಿತ್ರದ ನಾಯಕಿಯೇ ಆದ ಸೌಂದರ್ಯ. ಅದೇ ಹೊತ್ತಿನಲ್ಲಿ ವೆಂಕಟೇಶ್, ಚಿರಂಜೀವಿ ಅವರ ಎದುರು ತೆಲುಗಿನ ದೊಡ್ಡ ಚಿತ್ರಗಳಲ್ಲಿ ನಟಿಸುತ್ತಿದ್ದ, ‘ಅರುಣಾಚಲಂ’, ‘ಪಡಯಪ್ಪ’ಗಳಲ್ಲಿ ರಜನೀಕಾಂತ್‌ಗೂ ‘ಸೂರ್ಯವಂಶಂ’ನಲ್ಲಿ ಅಮಿತಾಭ್ ಬಚ್ಚನ್‌ಗೂ ಜೋಡಿಯಾಗಿದ್ದ ಸೌಂದರ್ಯ.

ಅವರು ಕೋಲಾರ ಜಿಲ್ಲೆಯ ಮುಳಬಾಗಿಲು ಕಡೆಯವರು. ಮಟಮಾರಿಯಂತೆ ಅದೂ ಗಡಿ ಸೀಮೆ. ಮನೆಯಲ್ಲಿ ಒಂದು ಮಾತು, ಸಂತೆಯಲ್ಲಿ ಇನ್ನೊಂದು ಮಾತು ಕೇಳಿಸುವ ನೆಲ. ತಂದೆ ಸತ್ಯನಾರಾಯಣ ಕನ್ನಡ ಚಿತ್ರರಂಗದಲ್ಲಿ ಬರಹಗಾರರಾಗಿ, ನಿರ್ಮಾಪಕರಾಗಿ ಕೆಲಸ ಮಾಡಿದವರು. ಡಾಕ್ಟರಿಕೆ ಓದಲು ಸೇರಿದ್ದ ಮಗಳು ಮೊದಲ ವರ್ಷಕ್ಕೇ ಓದು ಬಿಟ್ಟು 1992ರ ‘ಗಂಧರ್ವ’ದಲ್ಲಿ ಕಾಣಿಸಿಕೊಂಡಳು. ಮರುವರ್ಷವೇ ತೆಲುಗು ಕರೆಯಿತು. 1995ರ ‘ಅಮ್ಮೋರು’, ಮರುವರ್ಷದ ‘ಪವಿತ್ರ ಬಂಧಂ’, 1998ರ ‘ಅಂತಃಪುರಂ’ ಒಂದರ ಹಿಂದೊಂದು ಬಂದವು. ‘ಅಂತಃಪುರಂ’ನಲ್ಲಿ ರಾಯಲಸೀಮೆಯ ಫ್ಯಾಕ್ಷನ್ ಮನೆತನಕ್ಕೆ ಸೊಸೆಯಾಗಿ ಬಂದು, ಗಂಡನನ್ನು ಕಳೆದುಕೊಂಡು, ಮಗುವನ್ನು ಎತ್ತಿಕೊಂಡು ಓಡುವ ಹೆಂಗಸಿನ ಪಾತ್ರ ಅವರದು. ಆ ಸೀಮೆ ಮಟಮಾರಿಯವರಿಗೆ ತುಂಗಭದ್ರೆಯ ಆಚೆ ದಂಡೆ, ಅಷ್ಟೇ.

ಈ ಭಾಗದ ಪ್ರೇಕ್ಷಕರು ಸೌಂದರ್ಯ ಅವರನ್ನು ಕನ್ನಡಕ್ಕಿಂತ ತೆಲುಗಿನಲ್ಲೇ ಹೆಚ್ಚು ನೋಡಿದ್ದಕ್ಕೆ ಒಂದು ಹಳೆಯ ಕಾರಣವೂ ಇದೆ. 1956ರ ನವೆಂಬರ್ 1ರಂದು ರಾಯಚೂರು, ಕಲಬುರಗಿ, ಬೀದರ್ ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಸೇರಿದವು. ರಾಜ್ಯದ ನಕ್ಷೆ ಬದಲಾಯಿತು, ಸಿನಿಮಾ ಹಂಚಿಕೆಯ ನಕ್ಷೆ ಬದಲಾಗಲಿಲ್ಲ. ಆ ವ್ಯಾಪಾರದ ಲೆಕ್ಕದಲ್ಲಿ ‘ನಿಜಾಂ ಏರಿಯಾ’ ಎಂದರೆ ತೆಲಂಗಾಣ, ಮರಾಠವಾಡ ಮತ್ತು ನಮ್ಮ ಈ ಜಿಲ್ಲೆಗಳು. ನಿಜಾಮ ಹೋದರೂ ಅವನ ಗಡಿ ಪ್ರಿಂಟಿನ ಡಬ್ಬಿಗಳ ಮೇಲೆ ಉಳಿದುಬಂತು. ಬಿ.ಕೆ.ಟಿ., ಎಂದರೆ ಬೆಂಗಳೂರು–ಕೋಲಾರ–ತುಮಕೂರು, ಕನ್ನಡ ನಿರ್ಮಾಪಕರ ಮೊದಲ ಚಿಂತೆಯಾಯಿತು. ರಾಯಚೂರು ಕೊನೆಯ ಸಾಲಿನದಾಯಿತು. ಹೈದರಾಬಾದಿನಿಂದ ತೆಲುಗು ಚಿತ್ರ ಬರುವಷ್ಟು ಸಲೀಸಾಗಿ ಬೆಂಗಳೂರಿನಿಂದ ಕನ್ನಡ ಚಿತ್ರ ಇಲ್ಲಿಗೆ ಬರಲಿಲ್ಲ. ಕಾಸರವಳ್ಳಿಯವರ ಮಾದರಿಯ ಚಿತ್ರಗಳ ಮಾತಂತೂ ದೂರವೇ ಉಳಿಯಿತು.

ಇಷ್ಟು ಬೇಡಿಕೆಯಲ್ಲಿದ್ದ ನಟಿಗೆ ತಾನೇ ಹಣ ಹಾಕಿ ಚಿತ್ರ ತೆಗೆಯುವ ಉಸಾಬರಿ ಏಕೆ ಬೇಕಿತ್ತು? ಉತ್ತರ ‘ದ್ವೀಪ’ದ ನಾಗಿಯಲ್ಲಿದೆ.

ನಾ. ಡಿಸೋಜ ಲೋಕೋಪಯೋಗಿ ಇಲಾಖೆಯ ನೌಕರರಾಗಿ ಶರಾವತಿ ಯೋಜನೆಯ ಪ್ರದೇಶದಲ್ಲಿ ಕೆಲಸ ಮಾಡಿದವರು. 1964ರಲ್ಲಿ ಮುಗಿದ ಲಿಂಗನಮಕ್ಕಿ ಅಣೆಕಟ್ಟಿನ ಹಿಂದೆ ನೀರು ನಿಲ್ಲುತ್ತಾ ಹೋದಂತೆ ಊರುಗಳು ಮುಳುಗಿದ್ದನ್ನು ಹತ್ತಿರದಿಂದ ಕಂಡು ಬರೆದ ಲೇಖಕ. ಚಿತ್ರದಲ್ಲಿ ಸೀತಾಪರ್ವತ ಎಂಬ ಗುಡ್ಡದ ಮೇಲೆ ದೇವರ ಪೂಜೆ ಮಾಡಿಕೊಂಡಿರುವ ಒಂದು ಬಡ ಮನೆ: ಮುದುಕ ದುಗ್ಗಜ್ಜ, ಅವನ ಮಗ ಗಣಪ, ಸೊಸೆ ನಾಗಿ. ಅಣೆಕಟ್ಟಿನ ನೀರು ಏರುತ್ತಿದೆ. ಉಳಿದವರು ಪರಿಹಾರ ತೆಗೆದುಕೊಂಡು ಹೊರಟುಹೋಗಿದ್ದಾರೆ. ಇವರಿಗೆ ಸಿಗುವ ಪರಿಹಾರ ಇನ್ನೊಂದು ಕಡೆ ಬದುಕು ಕಟ್ಟುವಷ್ಟಿಲ್ಲ. ದುಗ್ಗಜ್ಜ ನೆಲ ಬಿಡಲಾರ, ಗಣಪ ಏನನ್ನೂ ನಿರ್ಧರಿಸಲಾರ. ಮನೆ ನಡೆಸುವವಳು ನಾಗಿ. ಸಹಾಯಕ್ಕೆಂದು ಬರುವ ಅವಳ ಊರಿನ ಹುಡುಗ ಕೃಷ್ಣನ ಜತೆ ಅವಳು ನಕ್ಕು ಮಾತಾಡಿದರೆ ಗಂಡನ ಮುಖ ಗಂಟಾಗುತ್ತದೆ. ಕೊನೆಗೆ ಮಳೆ ಹುಚ್ಚೆದ್ದು ಸುರಿಯುವ ರಾತ್ರಿಯಲ್ಲಿ ಗಂಡ ಕೈಚೆಲ್ಲಿ ಕೂತಾಗ ಅವಳೊಬ್ಬಳೇ ಹೋರಾಡಿ ಮನೆ ಉಳಿಸುತ್ತಾಳೆ. ಬೆಳಗಾಗುತ್ತದೆ, ನೀರು ಇಳಿದಿದೆ. ಗಣಪ ಕೈಮುಗಿದು ಎಲ್ಲವೂ ದೇವರ ಕೃಪೆ ಎನ್ನುತ್ತಾನೆ.

ನಾಗಿ ಅವನನ್ನು ನೋಡುತ್ತಾಳೆ. ಸೌಂದರ್ಯ ಅವರ ಅಷ್ಟೂ ಚಿತ್ರಗಳಲ್ಲಿ ಆ ನೋಟಕ್ಕೆ ಸಮನಾದದ್ದು ಇನ್ನೊಂದಿಲ್ಲ ಎನ್ನಬೇಕು. ಅದರಲ್ಲಿ ಸಿಟ್ಟಿದೆ, ದಣಿವಿದೆ, ಇವನಿಗೆ ಹೇಳಿ ಉಪಯೋಗವಿಲ್ಲ ಎಂಬ ತಿಳಿವಳಿಕೆಯೂ ಇದೆ. ಹಾಡು, ಫೈಟು, ನಾಯಕನ ಎಂಟ್ರಿಗಳ ನಡುವೆ ನಾಯಕಿಗೆ ಸಿಗುವ ನಾಲ್ಕು ದೃಶ್ಯಗಳಲ್ಲಿ ಇಂಥದ್ದಕ್ಕೆ ಜಾಗವಿರುವುದಿಲ್ಲ. ಯಾವ ಹಂಚಿಕೆದಾರನೂ ಇಂಥ ಪಾತ್ರ ನಂಬಿ ಅಡ್ವಾನ್ಸ್ ಕೊಡುವುದಿಲ್ಲ. ಸೌಂದರ್ಯ ತಮ್ಮ ದುಡಿಮೆಯ ದುಡ್ಡಿನಿಂದ ಆ ಜಾಗವನ್ನು ತಾವೇ ಮಾಡಿಕೊಂಡರು. ಬ್ಯಾನರ್‌ಗೆ ಸತ್ಯ ಮೂವಿ ಮೇಕರ್ಸ್ ಎಂದು ಹೆಸರು.

ತನಗೊಂದು ಒಳ್ಳೆಯ ಪಾತ್ರ ಬೇಕೆಂದು ನಟಿಯೊಬ್ಬಳು ಹಣ ಹಾಕಿದರೆ ಅದು ಅವಳ ಪಾತ್ರಕ್ಕೇ ಮುಗಿಯಬಹುದಿತ್ತು. ‘ದ್ವೀಪ’ದಲ್ಲಿ ಹಾಗಾಗಲಿಲ್ಲ. ಅವಿನಾಶ್ ಅವರ ಗಣಪನಿಗೂ, ಎಂ.ವಿ. ವಾಸುದೇವರಾವ್ ಅವರ ದುಗ್ಗಜ್ಜನಿಗೂ, ಹರೀಶ್ ರಾಜ್ ಅವರ ಕೃಷ್ಣನಿಗೂ ಅಷ್ಟೇ ನೆಲ ಸಿಕ್ಕಿತು. ಮಳೆಯನ್ನು ಹಿಡಿದ ಎಚ್.ಎಂ. ರಾಮಚಂದ್ರ ಅವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ಬಂತು. ಚಿತ್ರಕ್ಕೆ 2001ನೇ ಸಾಲಿನ ಶ್ರೇಷ್ಠ ಚಿತ್ರದ ಸ್ವರ್ಣಕಮಲ ಬಂತು. ಆ ಪ್ರಶಸ್ತಿ ನಿರ್ದೇಶಕರಿಗೂ ನಿರ್ಮಾಪಕರಿಗೂ ಸಲ್ಲುವಂಥದ್ದು. ಆ ಸಾಲಿನ ಶ್ರೇಷ್ಠ ನಟಿಯ ಪ್ರಶಸ್ತಿಯನ್ನು ಟಬು ಮತ್ತು ಶೋಭನಾ ಹಂಚಿಕೊಂಡರು. ಹತ್ತು ವರ್ಷ ಕ್ಯಾಮೆರಾ ಮುಂದೆ ದುಡಿದ ಸೌಂದರ್ಯ ಅವರಿಗೆ ರಾಷ್ಟ್ರಮಟ್ಟದ ಅತಿ ದೊಡ್ಡ ಗೌರವ ಬಂದದ್ದು ನಿರ್ಮಾಪಕಿಯಾಗಿ.

ಮುಳುಗಡೆಯ ಈ ಕಥೆಯನ್ನು ಮಾನ್ವಿ, ದೇವದುರ್ಗದ ಕಡೆಯವರು ನೋಡುವಾಗ ಎದೆಯಲ್ಲಿ ಇನ್ನೊಂದು ಎಳೆಯೂ ಮಿಡಿಯಬೇಕು. ಮಾನ್ವಿಯ ಭತ್ತದ ಗದ್ದೆಗೆ ಎಡದಂಡೆ ಕಾಲುವೆಯಲ್ಲಿ ಹರಿದು ಬರುವುದು ಹೊಸಪೇಟೆಯ ಬಳಿ ಊರುಗಳನ್ನು ಮುಳುಗಿಸಿ ನಿಂತ ತುಂಗಭದ್ರೆ. ದೇವದುರ್ಗಕ್ಕೆ ಬರುವುದು ನಾರಾಯಣಪುರದ ಬಲದಂಡೆ ನೀರು. ನಮ್ಮ ಪೈರಿನ ಹಿಂದೆ ಎಲ್ಲೋ ಒಬ್ಬಳು ನಾಗಿ ಗಂಟುಮೂಟೆ ಕಟ್ಟಿದ್ದಾಳೆ.

ಕಾಸರವಳ್ಳಿಯವರ ನಾಲ್ಕು ಚಿತ್ರಗಳಿಗೆ ಸ್ವರ್ಣಕಮಲ ಬಂದಿದೆ: 1977ರ ‘ಘಟಶ್ರಾದ್ಧ’, 1986ರ ‘ತಬರನ ಕಥೆ’, 1997ರ ‘ತಾಯಿ ಸಾಹೇಬ’, 2001ರ ‘ದ್ವೀಪ’. ನಾಲ್ಕರಲ್ಲಿ ಎರಡಕ್ಕೆ ಹಣ ಹಾಕಿದವರು ಆಯಾ ಚಿತ್ರದ ನಾಯಕಿಯರು. ‘ದ್ವೀಪ’ಕ್ಕೆ ಸೌಂದರ್ಯ, ಅದಕ್ಕೆ ಮುಂಚೆ ‘ತಾಯಿ ಸಾಹೇಬ’ಕ್ಕೆ ಜಯಮಾಲಾ. ಕನ್ನಡದ ಕಲಾತ್ಮಕ ಚಿತ್ರಗಳ ಚರಿತ್ರೆ ಬರೆಯುವವರು ಈ ಸಂಗತಿಯನ್ನು ಅಡಿಟಿಪ್ಪಣಿಯಲ್ಲಿ ಇಡುವುದು ಸರಿಯಲ್ಲ. ಅದು ಮೊದಲ ಪುಟಕ್ಕೆ ಬರಬೇಕಾದದ್ದು.

ಜಯಮಾಲಾ ಕರಾವಳಿಯವರು. 1973ರ ತುಳು ಚಿತ್ರ ‘ಕಾಸ್ ದಾಯೆ ಕಂಡನಿ’ಯಿಂದ ಶುರುವಾಗಿ, ರಾಜ್‌ಕುಮಾರ್ ಅವರ ‘ಪ್ರೇಮದ ಕಾಣಿಕೆ’ (1976), ‘ಶಂಕರ್ ಗುರು’ (1978) ಮುಂತಾದ ಚಿತ್ರಗಳಲ್ಲಿ ನಾಯಕಿಯಾಗಿ ಮನೆಮಾತಾದವರು. ಇಪ್ಪತ್ತು ವರ್ಷ ಕಳೆಯುವ ಹೊತ್ತಿಗೆ ಆ ಕಾಲದ ನಾಯಕರು ಇನ್ನೂ ನಾಯಕರಾಗಿದ್ದರು, ನಾಯಕಿಯರು ಅತ್ತೆ, ಅತ್ತಿಗೆಯರಾಗಿದ್ದರು. ‘ತಾಯಿ ಸಾಹೇಬ’ಕ್ಕಾಗಿ ಜಯಮಾಲಾ ಆಗ ಆರಿಸಿಕೊಂಡದ್ದು ರಂ.ಶಾ. ಲೋಕಾಪುರ ಅವರ ಕಾದಂಬರಿಯನ್ನು.

ಅದರ ನಾಯಕಿ ನರ್ಮದಾ, ಉತ್ತರ ಕರ್ನಾಟಕದ ವಾಡೆಯೊಂದರ ಯಜಮಾನಿ. ಗಂಡ ಅಪ್ಪಾಸಾಹೇಬ ಸ್ವಾತಂತ್ರ್ಯ ಹೋರಾಟಗಾರ. ಅವನಿಗೆ ಹೊರಗೊಂದು ಸಂಬಂಧ. ಮಕ್ಕಳಿಲ್ಲದ ನರ್ಮದಾ ದತ್ತಕ ತೆಗೆದುಕೊಂಡ ಹುಡುಗ ಬೆಳೆದು, ಅಪ್ಪಾಸಾಹೇಬನ ಇನ್ನೊಬ್ಬ ಹೆಂಗಸಿನ ಮಗಳನ್ನೇ ಪ್ರೀತಿಸುತ್ತಾನೆ. ರಕ್ತದಲ್ಲಿ ಸಂಬಂಧವಿಲ್ಲ, ಕಾನೂನಿನಲ್ಲಿ ಅವರು ಅಣ್ಣ ತಂಗಿ. 1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆ, ಕ್ರಮದಂತೆ ಆದ ದತ್ತಕವನ್ನು ತೆಗೆದುಕೊಂಡವರೇ ರದ್ದು ಮಾಡಲು ಬರುವುದಿಲ್ಲ ಎನ್ನುತ್ತದೆ. ದೇಸಾಯರ ವಾಡೆಗಳನ್ನು ಕಂಡ ನಮ್ಮ ಭಾಗದ ಹಿರಿಯರಿಗೆ ದತ್ತಕ, ವಾರಸು, ‘ಸಾಹೇಬ’ ಎಂಬ ಕರೆ ಎಲ್ಲವೂ ಮನೆಯ ಮಾತುಗಳು. ಆಸ್ತಿಯ ಹಸ್ತಾಂತರಕ್ಕೆಂದು ಗಂಡಸರು ಕಟ್ಟಿಕೊಂಡ ಈ ವ್ಯವಸ್ಥೆಯ ಗಂಟನ್ನು ಕೊನೆಗೆ ಬಿಡಿಸಬೇಕಾಗಿ ಬರುವುದು ವಾಡೆಯ ಒಳಕೋಣೆಯ ಹೆಂಗಸಿಗೆ. ಚಿತ್ರದ ಬಹುಪಾಲು ಹೊತ್ತು ನರ್ಮದಾ ಹೆಚ್ಚು ಮಾತಾಡುವುದಿಲ್ಲ. ಸೆರಗು ಸರಿಪಡಿಸಿಕೊಳ್ಳುವುದು, ಬಾಗಿಲ ಮರೆಯಲ್ಲಿ ನಿಲ್ಲುವುದು, ಲೆಕ್ಕದ ಪುಸ್ತಕ ನೋಡುವುದು ಇವುಗಳಲ್ಲೇ ಜಯಮಾಲಾ ಅವಳ ಇಡೀ ಬದುಕನ್ನು ಕಾಣಿಸುತ್ತಾರೆ.

ಶ್ರೇಷ್ಠ ಚಿತ್ರದ ಪ್ರಶಸ್ತಿಯ ಜತೆಗೆ ಅವರ ನಟನೆಗೆ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು. ವಸ್ತ್ರವಿನ್ಯಾಸಕ್ಕೆ ವೈಶಾಲಿ ಕಾಸರವಳ್ಳಿ, ಕಲಾನಿರ್ದೇಶನಕ್ಕೆ ರಮೇಶ್ ದೇಸಾಯಿ ರಾಷ್ಟ್ರಪ್ರಶಸ್ತಿ ಪಡೆದರು. ಆ ವಾಡೆಯ ಕಂಬ, ಕಪಾಟು, ಇಳಕಲ್ಲಿನ ನೆನಪು ತರುವ ಸೀರೆಗಳಿಗೆಲ್ಲ ಬಿಲ್ಲು ಕಟ್ಟಿದ ಕೈಯೂ ಒಂದಿತ್ತು ಎಂಬುದನ್ನು ಇಲ್ಲಿ ನೆನೆಯಬೇಕು. ನಿರ್ಮಾಪಕಿ ಎಂದರೆ ಮುಹೂರ್ತದ ದಿನ ಕ್ಯಾಮೆರಾಕ್ಕೆ ಆರತಿ ಎತ್ತುವವಳು ಎಂದುಕೊಂಡರೆ ತಪ್ಪು. ಯೂನಿಟ್ಟಿಗೆ ಹೊತ್ತಿಗೆ ಸರಿಯಾಗಿ ಊಟ, ಲೈಟ್‌ಬಾಯ್‌ಗಳ ದಿನದ ಕೂಲಿ, ಮಳೆ ಬಂದು ನಿಂತ ದಿನದ ಖರ್ಚು, ಫೈನಾನ್ಶಿಯರ್‌ನ ಬಡ್ಡಿ, ಲ್ಯಾಬಿನ ಬಾಕಿ, ಸೆನ್ಸಾರ್, ಪ್ರಿಂಟು, ಟಾಕೀಸಿನ ಬಾಡಿಗೆ ಎಲ್ಲದರ ಹೊಣೆ ಅವಳದು. ಅಷ್ಟು ಮಾಡಿಯೂ ಅದೇ ದಿನ ಮಧ್ಯಾಹ್ನ ಮೇಕಪ್ ಹಾಕಿಕೊಂಡು ಎಲ್ಲ ಮರೆತು ನರ್ಮದಾ ಆಗಬೇಕು.

ಜಯಮಾಲಾ ಅಲ್ಲಿಗೆ ನಿಲ್ಲಿಸಲಿಲ್ಲ. ಆಡಲು ಜಾಗವಿಲ್ಲದ ನಗರದ ಮಕ್ಕಳ ಕಥೆ ‘ತುತ್ತೂರಿ’ಯನ್ನು ಪಿ. ಶೇಷಾದ್ರಿ ನಿರ್ದೇಶನದಲ್ಲಿ ತೆಗೆದರು. ಅದಕ್ಕೆ 2005ನೇ ಸಾಲಿನ ಪರಿಸರ ಸಂರಕ್ಷಣೆಯ ರಾಷ್ಟ್ರಪ್ರಶಸ್ತಿ ಬಂತು. ಇದರಲ್ಲಿ ನಾಯಕಿಗೆಂದು ಕಥೆಯೇ ಇಲ್ಲ, ಮಕ್ಕಳದ್ದೇ ರಾಜ್ಯ. 2008ರಲ್ಲಿ ಅವರು ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯ ಅಧ್ಯಕ್ಷೆಯಾದರು. 1944ರಷ್ಟು ಹಳೆಯದಾದ ಆ ಸಂಸ್ಥೆಯ ಆ ಕುರ್ಚಿಯಲ್ಲಿ ಅಲ್ಲಿವರೆಗೆ ಹೆಂಗಸರು ಕೂತಿರಲಿಲ್ಲ.

ಆದರೆ ಹೆಂಗಸು ಚಿತ್ರ ತೆಗೆಯುವುದು ಮಂಡಳಿಗಿಂತಲೂ ಹಳೆಯ ಸಂಗತಿ. 1943ರಲ್ಲಿ, ಯುದ್ಧದಿಂದಾಗಿ ಕಚ್ಚಾ ಫಿಲಂಗೆ ಸರ್ಕಾರ ಕಡಿವಾಣ ಹಾಕಿದ್ದ ಕಾಲದಲ್ಲಿ, ಎಂ.ವಿ. ರಾಜಮ್ಮ ‘ರಾಧಾರಮಣ’ ತೆಗೆದು ಕನ್ನಡದ ಮೊದಲ ನಿರ್ಮಾಪಕಿಯಾದರು. ಚಂದ್ರಕಲಾ ನಾಟಕ ಮಂಡಳಿಯ ರಂಗದಿಂದ ಬಂದು, 1936ರ ‘ಸಂಸಾರ ನೌಕೆ’ಯಲ್ಲಿ ನಾಯಕಿಯಾಗಿ, ಮುಂದೆ ತಮಿಳಿನ ‘ಉತ್ತಮ ಪುತ್ರನ್’, ತೆಲುಗಿನ ‘ಯೋಗಿ ವೇಮನ’ಗಳಲ್ಲೂ ಹೆಸರು ಮಾಡಿದವರು. ಅವರ ‘ರಾಧಾರಮಣ’ದಲ್ಲಿ ಮೊದಲ ಸಲ ಬಣ್ಣ ಹಚ್ಚಿದ ಇಬ್ಬರಲ್ಲಿ ಒಬ್ಬರು ಬಾಲಕೃಷ್ಣ, ಮುಂದೆ ಬೆಂಗಳೂರಿನಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಿದವರು. ಇನ್ನೊಬ್ಬರು ಜಿ.ವಿ. ಅಯ್ಯರ್, 1983ರಲ್ಲಿ ದೇಶದ ಮೊದಲ ಸಂಸ್ಕೃತ ಚಿತ್ರ ‘ಆದಿ ಶಂಕರಾಚಾರ್ಯ’ ತೆಗೆದವರು. ‘ರಾಧಾರಮಣ’ ಬಂದಾಗ ರಾಯಚೂರು ನಿಜಾಮನ ಆಳ್ವಿಕೆಯಲ್ಲಿತ್ತು, ಕಚೇರಿಯ ಭಾಷೆ ಉರ್ದುವಾಗಿತ್ತು.

ಅದೇ 1943ರಲ್ಲಿ ‘ವಾಣಿ’ ಎಂಬ ಚಿತ್ರದಲ್ಲಿ ಹದಿಮೂರರ ಹುಡುಗಿಯೊಬ್ಬಳು ಮೊದಲ ಸಲ ತೆರೆಗೆ ಬಂದಳು. ಭಟ್ಕಳದ ಪಂಡರಿಬಾಯಿ. ಹರಿಕಥೆಯ ಮನೆಯ ಹುಡುಗಿ. ವಿಜಯದಾಸರ ಚೀಕಲಪರ್ವಿ, ಜಗನ್ನಾಥದಾಸರ ಬ್ಯಾಗವಾಟ ಇರುವ ಮಾನ್ವಿ ಸೀಮೆಗೂ, ಗೋಪಾಲದಾಸರ ಮೊಸರಕಲ್ಲು ಇರುವ ದೇವದುರ್ಗ ಸೀಮೆಗೂ ಆ ಹೆಸರು, ಆ ಮನೆತನದ ಕಸುಬು ಪರಕೀಯವಲ್ಲ. ಇಲ್ಲಿನ ದಾಸರ ಅಂಕಿತಗಳೆಲ್ಲ ವಿಠಲನವೇ ತಾನೆ.

ಪಂಡರಿಬಾಯಿ 1952ರ 'ಪರಾಶಕ್ತಿ'ಯಲ್ಲಿ ಶಿವಾಜಿ ಗಣೇಶನ್ ಅವರ ಮೊದಲ ನಾಯಕಿ, 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರ ಮೊದಲ ನಾಯಕಿ. 1968ರ ‘ಕುಡಿಯಿರುಂದ ಕೋಯಿಲ್’ನಲ್ಲಿ, ತಮಗಿಂತ ಹದಿಮೂರು ವರ್ಷ ದೊಡ್ಡವರಾದ ಎಂ.ಜಿ.ಆರ್. ಅವರಿಗೆ ತಾಯಿ. ಮರುವರ್ಷದ ‘ದೈವ ಮಗನ್’ನಲ್ಲಿ ಮೂರು ಪಾತ್ರ ಮಾಡಿದ ಶಿವಾಜಿಗೆ ಒಂದೇ ಚಿತ್ರದಲ್ಲಿ ಹೆಂಡತಿ, ತಾಯಿ ಎರಡೂ. ಗಂಡು ನಟನ ವಯಸ್ಸು ನಿಲ್ಲುತ್ತಿತ್ತು, ಹೆಣ್ಣಿನದು ಓಡುತ್ತಿತ್ತು. ಇದರ ನಡುವೆಯೇ ಪಂಡರಿಬಾಯಿ ಸ್ವಂತ ನಿರ್ಮಾಣಕ್ಕೂ ಇಳಿದರು. ಆರೂರು ಪಟ್ಟಾಭಿ ನಿರ್ದೇಶನದ ‘ಅನುರಾಧ’ (1967) ಅವರದು. ಹೊರಗಿನವರ ಚಿತ್ರಗಳಲ್ಲಿ ತಾಯಿಯಾಗಿ ಸಿಗುತ್ತಿದ್ದ ಸಂಭಾವನೆ ಅವರಿಗೆ ಹೊಟ್ಟೆಪಾಡು; ಸ್ವಂತ ಚಿತ್ರದ ಕಥೆ ಮಾತ್ರ ಅವರ ಆಯ್ಕೆ.

ತೆಲುಗಿನ ಕಡೆ ನೋಡಿದರೂ ಇದೇ ದಾರಿ ಕಾಣುತ್ತದೆ. ಭಾನುಮತಿ ಭರಣಿ ಸಂಸ್ಥೆ ಕಟ್ಟಿಕೊಂಡು 1953ರಲ್ಲಿ ‘ಚಂಡೀರಾಣಿ’ಯನ್ನು ಮೂರು ಭಾಷೆಗಳಲ್ಲಿ ನಿರ್ದೇಶಿಸಿದರು. ಅಂಜಲೀದೇವಿ ತಮ್ಮದೇ ಅಂಜಲಿ ಪಿಕ್ಚರ್ಸ್‌ನಿಂದ ‘ಅನಾರ್ಕಲಿ’, ‘ಸುವರ್ಣಸುಂದರಿ’ ತೆಗೆದು ಗೆದ್ದರು. ಸಾವಿತ್ರಿ ಮಾತ್ರ ಸೋತರು. 1971ರ ತಮಿಳು ‘ಪ್ರಾಪ್ತಂ’ ಅವರ ಕೈ ಸುಟ್ಟಿತು. ಅವರ ಬದುಕಿನ ಕೊನೆಯ ದಶಕದ ಸಂಕಟ ಎಲ್ಲರಿಗೂ ಗೊತ್ತಿರುವುದೇ. ನಟಿಯ ಹಣ ಹೋದರೆ ಹೋದದ್ದೇ. ಮತ್ತೆ ನಾಯಕಿಯಾಗಿ ದುಡಿದು ತುಂಬಿಕೊಳ್ಳೋಣವೆಂದರೆ ವಯಸ್ಸು ಬಿಡುವುದಿಲ್ಲ. ಅದಕ್ಕೇ ಈ ಹೆಂಗಸರ ಧೈರ್ಯವನ್ನು ನಾಯಕನಟರು ಕಟ್ಟಿದ ಬ್ಯಾನರ್‌ಗಳ ಜತೆ ಒಂದೇ ತಕ್ಕಡಿಯಲ್ಲಿ ತೂಗಲಾಗದು.

ಇತ್ತೀಚೆಗೆ ಕಿರುತೆರೆಯಲ್ಲಿ ನಟಿಸಿ, ಧಾರಾವಾಹಿಗಳನ್ನು ನಿರ್ಮಿಸಿ ಪಳಗಿದ ಶ್ರುತಿ ನಾಯ್ಡು 2019ರಲ್ಲಿ ‘ಪ್ರೀಮಿಯರ್ ಪದ್ಮಿನಿ’ ತೆಗೆದರು. ರಮ್ಯಾ ಆ್ಯಪಲ್ ಬಾಕ್ಸ್ ಸ್ಟುಡಿಯೋಸ್ ಶುರುಮಾಡಿ, ರಾಜ್ ಬಿ. ಶೆಟ್ಟಿ ನಿರ್ದೇಶನದ ‘ಸ್ವಾತಿ ಮುತ್ತಿನ ಮಳೆ ಹನಿಯೇ’ಯನ್ನು 2023ರ ನವೆಂಬರ್‌ನಲ್ಲಿ ತೆರೆಗೆ ತಂದರು. ಕೊನೆಯ ದಿನಗಳನ್ನು ಎಣಿಸುವ ರೋಗಿಗಳ ಜತೆ ಮಾತಾಡುವ ಆಪ್ತಸಮಾಲೋಚಕಿಯ ಕಥೆ ಅದು. ಆ ಪಾತ್ರವನ್ನು ಮೊದಲು ರಮ್ಯಾ ಅವರೇ ಮಾಡುವುದಿತ್ತು, ಆಮೇಲೆ ಸಿರಿ ರವಿಕುಮಾರ್‌ಗೆ ಬಿಟ್ಟುಕೊಟ್ಟರು. ಪಾತ್ರಕ್ಕಾಗಿ ಬ್ಯಾನರ್ ಕಟ್ಟಿದವರ ಸಾಲಿನಲ್ಲಿ, ಬ್ಯಾನರ್ ಉಳಿಸಿಕೊಂಡು ಪಾತ್ರ ಬಿಟ್ಟುಕೊಟ್ಟವರು ಅವರು.

ಸೌಂದರ್ಯ ಅವರಿಗೆ ಹಾಗೆ ಇನ್ನೊಬ್ಬಳಿಗೆ ಪಾತ್ರ ಕೊಡುವ ಕಾಲ ಬರಲಿಲ್ಲ. 2004ರ ಏಪ್ರಿಲ್ 17ರಂದು, ಚುನಾವಣಾ ಪ್ರಚಾರಕ್ಕೆ ಕರೀಂನಗರಕ್ಕೆ ಹೋಗಲೆಂದು ಬೆಂಗಳೂರಿನ ಜಕ್ಕೂರಿನಿಂದ ಹಾರಿದ ಪುಟ್ಟ ವಿಮಾನ ಕೆಲವೇ ನಿಮಿಷಗಳಲ್ಲಿ ನೆಲಕ್ಕಪ್ಪಳಿಸಿತು. ಅವರೂ ಅಣ್ಣ ಅಮರನಾಥ್ ಅವರೂ ತೀರಿಕೊಂಡರು. ಆಗಸ್ಟ್ ಕೊನೆಗೆ ‘ಆಪ್ತಮಿತ್ರ’ ಬಂತು. ನಾಗವಲ್ಲಿಯಾಗಿ ಕಣ್ಣರಳಿಸಿ ನಿಂತ ಅವರನ್ನು ನೋಡಲು ಜನ ಮುಗಿಬಿದ್ದರು. ಇಂದಿಗೂ ಟಿ.ವಿ.ಯಲ್ಲಿ ಆ ಚಿತ್ರ ಬಂದರೆ ಮನೆಮಂದಿಯೆಲ್ಲ ಕೂತು ನೋಡುತ್ತಾರೆ. ಅದರಲ್ಲಿ ನಾಗವಲ್ಲಿಯನ್ನು ಬಿಡಿಸಲು ಬರುವ ಆಚಾರ್ಯ ಅವಿನಾಶ್. ‘ಆಪ್ತಮಿತ್ರ’ಕ್ಕೆ ಎರಡು ವರ್ಷ ಮುಂಚೆ ಸೀತಾಪರ್ವತದ ಮೇಲೆ, ಮನೆ ಉಳಿಸಿದ ಹೆಂಡತಿಯನ್ನು ಬಿಟ್ಟು ದೇವರಿಗೆ ಕೈಮುಗಿದ ಅದೇ ಗಣಪ.

ನಿರ್ಮಾಪಕಿ ಎಂಬ ಜಾಗದಲ್ಲಿ ಸೌಂದರ್ಯ ಅವರ ಹೆಸರು ಇರುವುದು ‘ದ್ವೀಪ’ ಒಂದರಲ್ಲೇ.